ಕುದೂರು ಕ್ಷೇತ್ರವು ಎಲ್ಲಿ ಹೋಯಿತು?

ಮಾಗಡಿ ತಾಲ್ಲೂಕಿನ ಉತ್ತರ ಭಾಗದಲ್ಲಿ, ಭೈರವನದುರ್ಗದ ಬೆಟ್ಟದ ಸಮೀಪದಲ್ಲಿ, ಕುದೂರೆಂಬ ಊರಿರುವುದು ನಮ್ಮ ವಾಚಕರಲ್ಲಿ ಅನೇಕರಿಗೆ ತಿಳಿದೇ ಇದೆ. ಅದೊಂದು ಹೋಬಳಿಯ ಮುಖ್ಯ ಸ್ಥಳ. ಆದರೆ ಈ ಊರಿನ ಹೆಸರು ಒಂದು ಕಾಲಕ್ಕೆ ಹಿಂದಿನ ಮೈಸೂರು ರಾಜ್ಯದ ವಿಧಾನಸಭಾ ಕ್ಷೇತ್ರಗಳ ಪಟ್ಟಿಯಲ್ಲಿ ಅಚ್ಚಾಗಿತ್ತೆಂಬುದನ್ನು ಬಲ್ಲವರು ಎಷ್ಟು ಮಂದಿ? ಬೆಂಗಳೂರು, ಮೈಸೂರು, ತುಮಕೂರುಗಳ ಸಾಲಿನಲ್ಲಿ ಕುದೂರಿಗೂ ಒಂದು ಸ್ಥಾನವಿತ್ತು. ಇಂದು ಕರ್ನಾಟಕದ 224 ಕ್ಷೇತ್ರಗಳ ಪಟ್ಟಿಯನ್ನು ಮೊದಲಿನಿಂದ ಕಡೆಯವರೆಗೆ ಎರಡೆರಡು ಸಲ ಓದಿದರೂ ಕುದೂರು ಸಿಕ್ಕುವುದಿಲ್ಲ.

ಊರು ಎಲ್ಲಿಗೂ ಹೋಗಿಲ್ಲ; ಜನರು ಎಲ್ಲಿಗೂ ಹೋಗಿಲ್ಲ; ಬೆಟ್ಟವು ಇದ್ದಲ್ಲಿಯೇ ಇದೆ. ಹೋದದ್ದು, ಆ ಜನರು ತಮ್ಮ ಊರಿನ ಹೆಸರಿನಿಂದ ಒಬ್ಬ ಪ್ರತಿನಿಧಿಯನ್ನು ಆರಿಸಿ ರಾಜಧಾನಿಗೆ ಕಳುಹಿಸುತ್ತಿದ್ದ ಅಧಿಕಾರ. ಅದನ್ನು ತೆಗೆದವರು ಯಾರು? ಏಕೆ ತೆಗೆದರು? ತೆಗೆಯುವಾಗ ಯಾರನ್ನು ಕೇಳಿದರು? ಈ ಮೂರು ಪ್ರಶ್ನೆಗಳನ್ನು ನಾವು ಇಂದು ಎತ್ತುವುದು ಹಳೆಯ ಹೆಸರಿಗಾಗಿ ಅಳುವುದಕ್ಕಲ್ಲ. ದೇಶದ ಕ್ಷೇತ್ರಗಳನ್ನೆಲ್ಲ ಮತ್ತೊಮ್ಮೆ ಅಳೆದು ಕತ್ತರಿಸುವ ಕಾಲವು ಬಾಗಿಲಿಗೆ ಬಂದಿದೆ. ಹಿಂದೆ ಕುದೂರಿಗೆ ಆದದ್ದು ಮುಂದೆ ಯಾವ ಊರಿಗೆ ಆಗುವುದೋ ಬಲ್ಲವರಾರು? ಕತ್ತರಿ ಬಿದ್ದ ಮೇಲೆ ಕೂಗಿಕೊಳ್ಳುವುದಕ್ಕಿಂತ ಬೀಳುವ ಮೊದಲೇ ಲೆಕ್ಕ ಕೇಳುವುದು ಜಾಣತನವಲ್ಲವೆ?

ಹಿಂದಿನವರು ಹಿಡಿದ ಅಳತೆಗೋಲು

ಪ್ರಾತಿನಿಧ್ಯವೆಂಬುದು ನಮ್ಮ ನಾಡಿಗೆ 1952ರಲ್ಲಿ ಮೊದಲು ಬಂದ ವಸ್ತುವಲ್ಲ. 1881ರಲ್ಲಿ ದಿವಾನ್ ರಂಗಾಚಾರ್ಲು ಅವರು ಮೈಸೂರಿನಲ್ಲಿ ಪ್ರಜಾಪ್ರತಿನಿಧಿ ಸಭೆಯನ್ನು ಸೇರಿಸಿದಾಗ, ಪ್ರತಿಯೊಂದು ತಾಲ್ಲೂಕಿನಿಂದಲೂ ಒಬ್ಬಿಬ್ಬರು ಬೇಸಾಯಗಾರರಾದ ಭೂಮಾಲೀಕರು ಬರತಕ್ಕದ್ದೆಂದು ಕ್ರಮವನ್ನು ಗೊತ್ತುಪಡಿಸಿದರು. ಆ ವರ್ಷದ ಅಕ್ಟೋಬರ್ 7ನೆಯ ತಾರೀಕು 144 ಮಂದಿ ಪ್ರತಿನಿಧಿಗಳು ಸೇರಿದರು. ಅವರಿಗೆ ಶಾಸನ ಮಾಡುವ ಅಧಿಕಾರವಿರಲಿಲ್ಲ. ಅವರನ್ನು ಆರಿಸಿದವರು ಸಾಮಾನ್ಯ ಪ್ರಜೆಗಳೂ ಆಗಿರಲಿಲ್ಲ. ಚುನಾವಣೆಯ ಪದ್ಧತಿಯು ಬಂದುದು 1891ರಲ್ಲಿ. ಆಗಲೂ ಮತವಿದ್ದುದು ಆಸ್ತಿಯೋ ವಿದ್ಯೆಯೋ ಇದ್ದ ಕೆಲವರಿಗೆ ಮಾತ್ರ. ಆ ಸಭೆಯ ಕುಂದುಗಳನ್ನು ನಾವು ಮರೆಮಾಚುವುದಿಲ್ಲ. ಆದರೂ ಒಂದು ಸಂಗತಿಯನ್ನು ಗಮನಿಸತಕ್ಕದ್ದು: ಅರಸರ ಕಾಲದ ಆ ಸಭೆಯೂ ತಾಲ್ಲೂಕನ್ನು ಒಂದು ಜೀವಂತವಾದ ಘಟಕವೆಂದು ಎಣಿಸಿತು. ತಾಲ್ಲೂಕೆಂದರೆ ಒಂದು ಕಚೇರಿ, ಒಂದು ನ್ಯಾಯಸ್ಥಾನ, ಒಂದು ಪೇಟೆ, ಒಬ್ಬರೊಬ್ಬರನ್ನು ಬಲ್ಲ ಜನ. ತಲೆಗಳನ್ನು ಎಣಿಸುವ ಮೊದಲು ಆ ತಲೆಗಳು ಯಾವ ಊರಿಗೆ ನಡೆದುಹೋಗುವುವೆಂದು ನೋಡುವ ವಿವೇಕವು ಆ ಕಾಲದ ಅಧಿಕಾರಿಗಳಿಗಿತ್ತು.

ಅನಂತರ ಹೋರಾಟದ ದಿನಗಳು ಬಂದುವು. 1947ರಲ್ಲಿ ಮೈಸೂರು ಚಲೋ ಚಳವಳಿಯಲ್ಲಿ ವಿದ್ಯಾರ್ಥಿಗಳೂ ವಕೀಲರೂ ರೈತರೂ ಸೆರೆಮನೆಗಳನ್ನು ತುಂಬಿದರು. ಅವರು ಕೇಳಿದುದು ಜವಾಬ್ದಾರಿ ಸರ್ಕಾರವನ್ನು. ಅದು ಆ ವರ್ಷದ ಅಕ್ಟೋಬರಿನಲ್ಲಿ ಕೆ. ಸಿ. ರೆಡ್ಡಿಯವರ ಮಂತ್ರಿಮಂಡಲದ ರೂಪದಲ್ಲಿ ದೊರೆಯಿತು. ಜವಾಬ್ದಾರಿಯೆಂದರೆ ಜವಾಬು ಕೊಡುವ ಹೊಣೆ. ಜವಾಬು ಕೊಡಬೇಕಾದವನು ಪ್ರಜೆಗೆ ಸಿಕ್ಕುವಷ್ಟು ಹತ್ತಿರದಲ್ಲಿಲ್ಲದಿದ್ದರೆ ಆ ಮಾತಿಗೆ ಅರ್ಥವೇನು?

1952ರ ಮೊದಲ ಸಾರ್ವತ್ರಿಕ ಚುನಾವಣೆಯಲ್ಲಿ ಮೈಸೂರು ವಿಧಾನಸಭೆಗೆ 99 ಸ್ಥಾನಗಳಿದ್ದುವು. ರಾಮನಗರದಿಂದ ಗೆದ್ದ ಕೆಂಗಲ್ ಹನುಮಂತಯ್ಯನವರು ಮುಖ್ಯಮಂತ್ರಿಗಳಾದರು. ಹಳೆಯ ಮೈಸೂರಿನ ಅನೇಕ ಪ್ರಮುಖರು ಏಕೀಕರಣಕ್ಕೆ ಮುಖ ತಿರುವಿದ ದಿನಗಳಲ್ಲಿ, ಈ ಸೀಮೆಯ ಪ್ರತಿನಿಧಿಯೇ ಕನ್ನಡ ನಾಡು ಒಂದಾಗತಕ್ಕದ್ದೆಂದು ನಿಂತನೆಂಬುದನ್ನು ರಾಮನಗರ, ಚನ್ನಪಟ್ಟಣ, ಕನಕಪುರ, ಮಾಗಡಿಗಳ ಜನ ಹೆಮ್ಮೆಯಿಂದ ನೆನೆಯಬಹುದು. 1956ರ ನವೆಂಬರ್ 1ರಂದು ಮುಂಬಯಿ, ಹೈದರಾಬಾದು, ಮದರಾಸುಗಳ ಪಾಲಾಗಿದ್ದ ಕನ್ನಡ ಜಿಲ್ಲೆಗಳೂ ಕೊಡಗೂ ಮೈಸೂರಿನೊಡನೆ ಕೂಡಿದುವು. 1957ರ ಚುನಾವಣೆಯ ಹೊತ್ತಿಗೆ ಸಭೆಯ ಸ್ಥಾನಗಳು 208 ಆದುವು.

ಆ ಕಾಲದ ಪಟ್ಟಿಗಳಲ್ಲಿ ಚಿಕ್ಕ ಊರುಗಳ ಹೆಸರುಗಳು ವಿರಳವಾಗಿರಲಿಲ್ಲ. ಮಾಗಡಿಯ ಮಗ್ಗುಲಲ್ಲಿ ಕುದೂರು, ಚನ್ನಪಟ್ಟಣದ ಮಗ್ಗುಲಲ್ಲಿ ವಿರೂಪಾಕ್ಷಪುರ, ತರುವಾಯದ ವರ್ಷಗಳಲ್ಲಿ ಕನಕಪುರದ ಮಗ್ಗುಲಲ್ಲಿ ಸಾತನೂರು. ಇವೆಲ್ಲ ಹೋಬಳಿಗಳು. ತಾಲ್ಲೂಕಿಗೊಂದು ಧ್ವನಿಯಿದ್ದಂತೆ ಹೋಬಳಿಗೂ ಒಂದು ಧ್ವನಿಯಿರಬಹುದೆಂದು ಆ ಪಟ್ಟಿಗಳು ಸಾರುತ್ತಿದ್ದುವು. ಕುದೂರೂ ವಿರೂಪಾಕ್ಷಪುರವೂ ಮೊದಲೇ ಅಳಿಸಿಹೋದುವು. ಸಾತನೂರು 2008ರಲ್ಲಿ ಹೋಯಿತು. ಹೀಗೆ ಹೋಬಳಿಗಳು ಒಂದೊಂದಾಗಿ ಪಟ್ಟಿಯಿಂದ ಉದುರಿದುವು.

ಅಂಕಿಗಳು ಹೇಳುವ ಸತ್ಯ

ತೆಗೆದವರು ಯಾರೆಂಬ ಪ್ರಶ್ನೆಗೆ ಉತ್ತರವು ಸುಲಭವಾಗಿದೆ. ಯಾವನೋ ಒಬ್ಬ ಮಂತ್ರಿಯು ಸಿಟ್ಟಿನಿಂದ ಗೆರೆ ಎಳೆದನೆಂದು ನಾವು ಆರೋಪಿಸುವುದಿಲ್ಲ. 1952, 1962, 1972, 2002 ಈ ನಾಲ್ಕು ವರ್ಷಗಳ ಶಾಸನಗಳಂತೆ ನೇಮಕವಾದ ಕ್ಷೇತ್ರ ಪುನರ್ವಿಂಗಡಣಾ ಆಯೋಗಗಳು ಈ ಕೆಲಸವನ್ನು ಮಾಡುತ್ತ ಬಂದಿವೆ. ಏಕೆ ತೆಗೆದರೆಂಬುದಕ್ಕೆ ಮಾತ್ರ ಲೆಕ್ಕವನ್ನೇ ಬಿಡಿಸಬೇಕು.

1951ರ ಜನಗಣತಿಯಂತೆ ಈಗಿನ ಕರ್ನಾಟಕದ ಪ್ರದೇಶದಲ್ಲಿದ್ದ ಜನ ಸುಮಾರು 1 ಕೋಟಿ 94 ಲಕ್ಷ. ಅವರಿಗೆ 208 ಪ್ರತಿನಿಧಿಗಳು. ಎಂದರೆ 93 ಸಾವಿರ ಜನಕ್ಕೆ ಒಬ್ಬ. ಸ್ಥಾನಗಳು 1967ರಲ್ಲಿ 216 ಆದುವು, 1978ರಲ್ಲಿ 224 ಆದುವು, ಅಲ್ಲಿಗೆ ನಿಂತುವು. 2001ರಲ್ಲಿ ಜನಸಂಖ್ಯೆಯು 5 ಕೋಟಿ 28 ಲಕ್ಷಕ್ಕೇರಿತು. ಒಬ್ಬ ಪ್ರತಿನಿಧಿಯ ಪಾಲಿಗೆ 2 ಲಕ್ಷ 36 ಸಾವಿರ ಜನ ಬಿದ್ದರು. 2011ರಲ್ಲಿ ಜನಸಂಖ್ಯೆಯು 6 ಕೋಟಿ 11 ಲಕ್ಷವಾಯಿತು; ಒಬ್ಬನಿಗೆ 2 ಲಕ್ಷ 73 ಸಾವಿರ. ಏಕೀಕರಣದ ಕಾಲದಲ್ಲಿ ಹೆಚ್ಚುಕಡಮೆ ಮೂವರು ಹೊರುತ್ತಿದ್ದ ಹೊರೆಯನ್ನು ಈಗ ಒಬ್ಬನು ಹೊರಬೇಕು. ಹೊರುವವನಿಗೆ ಕಷ್ಟವೆಂಬುದು ಒಂದು ಮಾತು. ಮೂರು ಊರುಗಳಲ್ಲಿ ಎರಡಕ್ಕೆ ತಮ್ಮವನೆಂಬ ಮನುಷ್ಯನೇ ಇಲ್ಲವಾದನೆಂಬುದು ಅದಕ್ಕಿಂತ ದೊಡ್ಡ ಮಾತು.

ಇದರ ಮೇಲೆ ರಾಜಧಾನಿಯ ಬೆಳವಣಿಗೆಯನ್ನು ಕೂಡಿಸಿ ನೋಡಿರಿ. ಸ್ಥಾನಗಳ ಒಟ್ಟು ಸಂಖ್ಯೆಯು ಕಟ್ಟಿಹಾಕಿದಂತಿರಲು, ಒಂದು ಕಡೆ ಏರಿದರೆ ಇನ್ನೊಂದು ಕಡೆ ಇಳಿಯಲೇಬೇಕು. 2008ರ ವಿಂಗಡಣೆಯಲ್ಲಿ ಬೆಂಗಳೂರು ನಗರ ಜಿಲ್ಲೆಯೊಂದಕ್ಕೇ 28 ಸ್ಥಾನಗಳು ಸಂದುವು. ಇಡೀ ಸಭೆಯ ಎಂಟರಲ್ಲಿ ಒಂದು ಪಾಲು! ನಗರದ ಜನರಿಗೆ ಪ್ರತಿನಿಧಿಗಳು ಬೇಡವೆಂದು ನಾವು ಹೇಳುವುದಿಲ್ಲ. ಅವರೂ ಮನುಷ್ಯರು, ಅವರಲ್ಲಿ ಎಷ್ಟೋ ಮಂದಿ ಇದೇ ಮಾಗಡಿ ಕನಕಪುರಗಳ ಹಳ್ಳಿಗಳಿಂದ ಹೋದವರು. ಆದರೆ ನಗರಕ್ಕೆ ಬಡಿಸಬೇಕಾದರೆ ಹಳ್ಳಿಯ ಎಲೆಯಿಂದಲೇ ಎತ್ತಬೇಕೆಂಬ ಕಟ್ಟಳೆಯನ್ನು ಮಾಡಿದವರಾರು? ಹೊಸದಾಗಿ ಅನ್ನ ಬೇಯಿಸಬಾರದೆ?

ಗಂಟು ಇರುವುದು ಇಲ್ಲಿಯೇ. ನಮ್ಮ ಸಂವಿಧಾನದ 170ನೆಯ ಅನುಚ್ಛೇದವು ರಾಜ್ಯದ ವಿಧಾನಸಭೆಯಲ್ಲಿ 500ಕ್ಕೆ ಮೀರದಷ್ಟು ಸದಸ್ಯರಿರಬಹುದೆಂದು ಹೇಳುತ್ತದೆ. 224ರಿಂದ 500ಕ್ಕೆ ಇನ್ನೂ ಬೇಕಾದಷ್ಟು ಎಡೆಯಿದೆ. ಆದರೆ 1976ರ 42ನೆಯ ತಿದ್ದುಪಡಿಯು ಸ್ಥಾನಗಳ ಸಂಖ್ಯೆಯನ್ನು ಕಟ್ಟಿಹಾಕಿತು. 2002ರಲ್ಲಿ ಜಾರಿಗೆ ಬಂದ 84ನೆಯ ತಿದ್ದುಪಡಿಯು 2026ರ ಅನಂತರದ ಮೊದಲ ಜನಗಣತಿಯ ಅಂಕಿಗಳು ಹೊರಬರುವವರೆಗೆ ಆ ಕಟ್ಟನ್ನು ಮುಂದುವರಿಸಿತು. ಲೋಕಸಭೆಯ ವಿಷಯದಲ್ಲಿ ಈ ಕಟ್ಟಿಗೆ ಕಾರಣವುಂಟು. ಸಂತಾನ ನಿಯಂತ್ರಣವನ್ನು ಶ್ರದ್ಧೆಯಿಂದ ಪಾಲಿಸಿದ ಪ್ರಾಂತಗಳು ತಮ್ಮ ಶ್ರದ್ಧೆಗಾಗಿಯೇ ದಂಡ ತೆರಬಾರದು. ಕರ್ನಾಟಕದ 28 ಲೋಕಸಭಾ ಸ್ಥಾನಗಳ ತೂಕವು ಕುಗ್ಗಬಾರದು. ಈ ವಾದದಲ್ಲಿ ನಾವು ನಾಡಿನ ಪಕ್ಷವೇ.

ಆದರೆ ವಿಧಾನಸಭೆಯನ್ನು ಅದೇ ಹಗ್ಗದಿಂದ ಅದೇ ಗೂಟಕ್ಕೆ ಕಟ್ಟಿದುದು ಏಕೆ? ಕರ್ನಾಟಕದ ವಿಧಾನಸಭೆಯಲ್ಲಿ 224ಕ್ಕೆ ಬದಲಾಗಿ 300 ಸದಸ್ಯರು ಕುಳಿತರೆ ಬಿಹಾರಕ್ಕೆ ನಷ್ಟವೇನು? ತಮಿಳುನಾಡಿಗೆ ಲಾಭವೇನು? ರಾಜ್ಯಸಭೆಗೆ ನಾವು ಕಳುಹಿಸುವವರ ಸಂಖ್ಯೆಯು ಇದರಿಂದ ಬದಲಾಗದು. ರಾಷ್ಟ್ರಪತಿಯ ಚುನಾವಣೆಯಲ್ಲಿಯೂ ಸದಸ್ಯರು ಹೆಚ್ಚಿದಷ್ಟೂ ಒಬ್ಬೊಬ್ಬರ ಮತದ ಬೆಲೆಯು ಕಡಿಮೆಯಾಗಿ, ರಾಜ್ಯದ ಒಟ್ಟು ತೂಕವು ಇದ್ದಂತೆಯೇ ಇರುವುದು. ಮನೆಯೊಳಗಣ ಕೋಣೆಗಳನ್ನು ಎಷ್ಟು ಮಾಡಿಕೊಂಡರೂ ನೆರೆಯವನ ಹಿತ್ತಲಿಗೆ ಬಾಧಕವಿಲ್ಲ. ಈ ಸಾಮಾನ್ಯ ಸತ್ಯವನ್ನು ಬೆಂಗಳೂರಿನಲ್ಲಾಗಲಿ ದೆಹಲಿಯಲ್ಲಾಗಲಿ ನಮ್ಮ ಪ್ರತಿನಿಧಿಗಳು ಗಟ್ಟಿಯಾಗಿ ಹೇಳಿದ್ದರೆ, ಹೋಬಳಿಗಳು ಬಾಯಿಲ್ಲದವುಗಳಾಗುತ್ತಿರಲಿಲ್ಲ.

ಹೋಬಳಿಗಳ ಕೈಬದಲು

ಹೆಸರು ಹೋದುದು ಒಂದು ಕೇಡು. ಮೈಯನ್ನೇ ಹರಿದುದು ಅದಕ್ಕಿಂತ ಹೆಚ್ಚಿನ ಕೇಡು. 2008ರ ವಿಂಗಡಣೆಯಲ್ಲಿ ಮಾಗಡಿ ತಾಲ್ಲೂಕಿನ ಸೋಲೂರು ಹೋಬಳಿಯನ್ನು ಕಿತ್ತು ನೆಲಮಂಗಲ ಕ್ಷೇತ್ರಕ್ಕೆ ಸೇರಿಸಿದರು. ಮಾಗಡಿಯಲ್ಲಿ ಬಿದ್ದ ಕೊರತೆಯನ್ನು ತುಂಬಲು ರಾಮನಗರ ತಾಲ್ಲೂಕಿನ ಬಿಡದಿ ಹೋಬಳಿಯನ್ನು ತಂದರು. ರಾಮನಗರದಲ್ಲಿ ಬಿದ್ದ ಕೊರತೆಗೆ ಕನಕಪುರ ತಾಲ್ಲೂಕಿನ ಹಾರೋಹಳ್ಳಿ ಮರಳವಾಡಿಗಳನ್ನು ಕೊಟ್ಟರು. ಕನಕಪುರಕ್ಕೆ ಸಾತನೂರನ್ನು ಕೊಟ್ಟು, ಸಾತನೂರು ಕ್ಷೇತ್ರವನ್ನೇ ಮುಗಿಸಿದರು. ಒಬ್ಬರ ಮನೆಯ ಕಂಬವನ್ನು ಕಿತ್ತು ಮತ್ತೊಬ್ಬರ ಮನೆಗೆ ನೆಟ್ಟು, ಆ ಮನೆಯ ಕಂಬವನ್ನು ಇನ್ನೊಂದಕ್ಕೆ ಸಾಗಿಸಿದಂತಾಯಿತು. ಕಾಗದದ ಮೇಲಿನ ಅಂಕಿಗಳು ಸಮವಾದುವು; ಜನರ ಬಾಳು ಸಮವಾಯಿತೆ?

ಸೋಲೂರಿನ ರೈತನ ಅವಸ್ಥೆಯನ್ನು ನೋಡಿರಿ. ಈ ವಿಂಗಡಣೆಯು ಜಾರಿಗೆ ಬಂದಾಗ ಅವನ ಜಮೀನಿನ ಕಾಗದಗಳು ಮಾಗಡಿಯ ತಹಶೀಲ್ದಾರರ ಕಚೇರಿಯಲ್ಲಿದ್ದುವು. ಅವನ ಜಿಲ್ಲಾಧಿಕಾರಿಯು ರಾಮನಗರದಲ್ಲಿದ್ದನು. ಅವನ ವಿಧಾನಸಭಾ ಸದಸ್ಯನು ನೆಲಮಂಗಲದವನು; ಅವನ ಲೋಕಸಭಾ ಸದಸ್ಯನು ಚಿಕ್ಕಬಳ್ಳಾಪುರದವನು! ಒಂದು ಕೆರೆಯ ಹೂಳೆತ್ತಿಸಬೇಕಾದರೆ ಅವನು ನಾಲ್ಕು ದಿಕ್ಕಿಗೆ ಕೈಮುಗಿಯಬೇಕಾಯಿತು. ಮಾಗಡಿಯ ಅಧಿಕಾರಿಗೆ ನೆಲಮಂಗಲದ ಸದಸ್ಯನು ಹೊರಗಿನವನು. ನೆಲಮಂಗಲದ ಸದಸ್ಯನಿಗೆ ಸೋಲೂರು ಬಾಲದ ತುದಿ. ಆಯೋಗವು ಈ ಗೆರೆಗಳನ್ನು ಎಳೆದುದು 2002ರ ಶಾಸನದಂತೆ. ಆಗ ಮಾಗಡಿಯೂ ನೆಲಮಂಗಲವೂ ಬೆಂಗಳೂರು ಗ್ರಾಮಾಂತರವೆಂಬ ಒಂದೇ ಜಿಲ್ಲೆಯಲ್ಲಿದ್ದುವು. 2007ರ ಆಗಸ್ಟಿನಲ್ಲಿ ರಾಮನಗರ ಜಿಲ್ಲೆಯು ಹುಟ್ಟಿ ಮಾಗಡಿಯು ಅತ್ತ ಹೋಯಿತು. ಜಿಲ್ಲೆಯ ಗೆರೆ ಒಂದು ಕಡೆ ಸರಿಯಿತು, ಕ್ಷೇತ್ರದ ಗೆರೆ ಇನ್ನೊಂದು ಕಡೆ ಉಳಿಯಿತು. ನಡುವೆ ಸಿಕ್ಕಿದವನು ಸೋಲೂರಿನವನು. ಕಡೆಗೆ ಹೋಬಳಿಯನ್ನೇ ನೆಲಮಂಗಲ ತಾಲ್ಲೂಕಿಗೆ ಸೇರಿಸಬೇಕೆಂಬ ಬೇಡಿಕೆಯು ಎದ್ದಿತು. ಕ್ಷೇತ್ರವು ತಾಲ್ಲೂಕನ್ನು ಅನುಸರಿಸಬೇಕಾದ ಕಡೆ, ತಾಲ್ಲೂಕೇ ಕ್ಷೇತ್ರದ ಹಿಂದೆ ಓಡುವ ಕಾಲ ಬಂತು. ಮೂಗಿಗಿಂತ ಮೂಗುತಿಯೇ ಭಾರವಾಯಿತು!

ಕುದೂರಿನ ಸ್ಥಿತಿಯೂ ಇದಕ್ಕಿಂತ ಬಹಳ ಮೇಲಾದುದಲ್ಲ. ಮಾಗಡಿ ಕ್ಷೇತ್ರದ ಉತ್ತರದಲ್ಲಿ ಕುದೂರು, ತೆಂಕಣ ತುದಿಯಲ್ಲಿ ಬಿಡದಿ. ಕುದೂರಿನವನಿಗೆ ಬೇಕಾದುದು ಕೆರೆಗೆ ನೀರು, ರಾಗಿಗೆ ಬೆಲೆ, ಹಳ್ಳಿಯ ದಾರಿ. ಬಿಡದಿಯೋ ಬೆಂಗಳೂರು ಮೈಸೂರು ಹೆದ್ದಾರಿಯ ಮೇಲೆ ಕುಳಿತ ಕೈಗಾರಿಕೆಯ ಊರು. ಮೋಟಾರು ಗಾಡಿಗಳ ಕಾರ್ಖಾನೆಗಳು ಅಲ್ಲಿವೆ. ಭೂಮಿಯ ಬೆಲೆ, ಭೂಸ್ವಾಧೀನ, ಕಾರ್ಮಿಕರ ಕೂಲಿ ಅಲ್ಲಿನ ಪ್ರಶ್ನೆಗಳು. ಎರಡೂ ನ್ಯಾಯವಾದ ಪ್ರಶ್ನೆಗಳೇ. ಆದರೆ ಒಬ್ಬ ಪ್ರತಿನಿಧಿಯು ಇವೆರಡನ್ನೂ ಒಂದೇ ಬಾಯಿಂದ ಆಡಬೇಕಾದಾಗ, ಹಣವೂ ಸದ್ದೂ ಇರುವ ಕಡೆಗೆ ಅವನ ಕಿವಿ ತಿರುಗದೆ ಇರುವುದೆ? ಅವನು ಎಷ್ಟೇ ಸಜ್ಜನನಾದರೂ ದಿನಕ್ಕೆ ಗಂಟೆಗಳು ಇಪ್ಪತ್ತನಾಲ್ಕೇ.

ನಮ್ಮನ್ನು ಆಕ್ಷೇಪಿಸುವವರಿಗೆ

ಇಲ್ಲಿ ಕೆಲವರು ಎದ್ದು ನಿಂತು, "ಹೆಸರಿನಲ್ಲೇನಿದೆ? ಕುದೂರೆಂದು ಕರೆದರೇನು, ಮಾಗಡಿಯೆಂದು ಕರೆದರೇನು?" ಎನ್ನುವರು. ಕನ್ನಡಿಗರಿಗೆ ಈ ಮಾತನ್ನು ಹೇಳುವವರು ಸ್ವಲ್ಪ ಚರಿತ್ರೆಯನ್ನು ಓದಲಿ. 1956ರಲ್ಲಿ ನಾಡು ಒಂದಾದರೂ ಅದಕ್ಕೆ ಕರ್ನಾಟಕವೆಂಬ ಹೆಸರು ಬರಲು 1973ರ ನವೆಂಬರ್ 1ರವರೆಗೆ ಹದಿನೇಳು ವರ್ಷ ಕಾಯಬೇಕಾಯಿತು. ಹೆಸರಿನಲ್ಲಿ ಏನೂ ಇಲ್ಲವಾದರೆ ಆ ಹದಿನೇಳು ವರ್ಷಗಳ ಒತ್ತಾಯಕ್ಕೆ ಅರ್ಥವೇನು? ಈ ಸೀಮೆಯಲ್ಲಿಯೇ, ಆಂಗ್ಲ ರೆಸಿಡೆಂಟನಾದ ಬ್ಯಾರಿ ಕ್ಲೋಸನ ಹೆಸರನ್ನು ಹೊತ್ತ ಕ್ಲೋಸ್‌ಪೇಟೆಯು ರಾಮನಗರವಾಯಿತು, ಕಾನಕಾನಹಳ್ಳಿಯು ಕನಕಪುರವಾಯಿತು. 2025ರ ಮೇ ತಿಂಗಳಲ್ಲಿ ರಾಮನಗರ ಜಿಲ್ಲೆಗೆ ಬೆಂಗಳೂರು ದಕ್ಷಿಣವೆಂದು ಹೆಸರಿಡಲು ಸಚಿವ ಸಂಪುಟವು ತೀರ್ಮಾನಿಸಿದಾಗ ಪರವಾಗಿಯೂ ವಿರೋಧವಾಗಿಯೂ ಎಷ್ಟು ಮಾತುಗಳು ಹೊರಟುವೆಂಬುದನ್ನು ವಾಚಕರು ಬಲ್ಲರು. ದೊಡ್ಡವರ ಊರುಗಳ ಹೆಸರಿಗಾಗಿ ಕಾದಾಡುವವರು, ಹೋಬಳಿಯ ಹೆಸರಿನ ಮಾತು ಬಂದೊಡನೆ ವೇದಾಂತಿಗಳಾಗುವುದು ವಿಚಿತ್ರವಲ್ಲವೆ?

ಇನ್ನು ಕೆಲವರು ಇಂಗ್ಲೆಂಡಿನ ಚರಿತ್ರೆಯನ್ನು ತೋರಿಸುವರು. ಅಲ್ಲಿ ಓಲ್ಡ್ ಸೇರಂ ಎಂಬ ಪಾಳುಬಿದ್ದ ದಿಬ್ಬವು 1832ರವರೆಗೆ ಇಬ್ಬರು ಸದಸ್ಯರನ್ನು ಪಾರ್ಲಿಮೆಂಟಿಗೆ ಕಳುಹಿಸುತ್ತಿತ್ತು. ಅದೇ ಕಾಲದಲ್ಲಿ ಮ್ಯಾಂಚೆಸ್ಟರಿನಂಥ ಪಟ್ಟಣಕ್ಕೆ ಒಬ್ಬನೂ ಇರಲಿಲ್ಲ. "ನೀವು ಅಂಥ ಹಳೆಯ ಕ್ಷೇತ್ರಗಳನ್ನು ಉಳಿಸಿರೆಂದು ಕೇಳುತ್ತೀರಾ?" ಎಂಬುದು ಅವರ ಪ್ರಶ್ನೆ. ನಾವು ಕೇಳುತ್ತಿಲ್ಲ. ಜನರಿಲ್ಲದ ದಿಬ್ಬಕ್ಕೆ ಪ್ರತಿನಿಧಿ ಬೇಡ. ಆದರೆ ಕುದೂರಿನಲ್ಲಿ ಜನರಿದ್ದಾರೆ. ಅವರು ಹೆಚ್ಚಿದ್ದಾರೆಯೇ ಹೊರತು ಕಡಿಮೆಯಾಗಿಲ್ಲ. ಒಬ್ಬನಿಗೆ ಒಂದು ಮತ, ಮತಕ್ಕೆ ಸಮಾನ ಬೆಲೆ ಎಂಬ ತತ್ತ್ವವನ್ನು ನಾವು ಶಿರಸಾ ವಹಿಸುವೆವು. ಸ್ಥಾನಗಳು ಹೆಚ್ಚಿದರೆ ಆ ತತ್ತ್ವವೂ ಉಳಿಯುವುದು, ಹೋಬಳಿಗಳೂ ಉಳಿಯುವುವು.

ಮೂರನೆಯ ಆಕ್ಷೇಪವು ಖರ್ಚಿನದು. ಸದಸ್ಯರು ಹೆಚ್ಚಿದರೆ ಸಂಬಳ ಸಾರಿಗೆಗಳ ವೆಚ್ಚವು ಹೆಚ್ಚುವುದೆನ್ನುವರು. ನಿಜ, ಹೆಚ್ಚುವುದು. ಆದರೆ ಪ್ರತಿನಿಧಿಯು ಸಿಕ್ಕದೆ ನಾಲ್ಕು ಕಚೇರಿಗಳಿಗೆ ಅಲೆಯುವ ರೈತನ ಬಸ್ಸಿನ ಚಾರ್ಜನ್ನೂ ಹೋದ ದಿನದ ಕೂಲಿಯನ್ನೂ ಈ ಲೆಕ್ಕಿಗರು ಎಂದಾದರೂ ಕೂಡಿಸಿದ್ದಾರೆಯೆ? ಸರ್ಕಾರದ ಬೊಕ್ಕಸದಿಂದ ಹೋದರೆ ಮಾತ್ರ ಖರ್ಚು, ಬಡವನ ಗಂಟಿನಿಂದ ಹೋದರೆ ಖರ್ಚಲ್ಲವೆ?

ಮತ್ತೊಂದು ವರ್ಗದವರು ಬಾಯಿಂದ ಏನೂ ಹೇಳುವುದಿಲ್ಲ, ಮನಸ್ಸಿನಲ್ಲಿ ಸಂತೋಷಪಡುವರು. ದೊಡ್ಡ ಕ್ಷೇತ್ರವು ದೊಡ್ಡ ಹಣವಂತನಿಗೆ ಅನುಕೂಲ. 93 ಸಾವಿರ ಜನರ ನಡುವೆ ಒಬ್ಬ ಬಡ ಉಪಾಧ್ಯಾಯನೋ ಸಾಮಾನ್ಯ ರೈತನೋ ಸೈಕಲ್ಲಿನ ಮೇಲೆ ತಿರುಗಿ ಮತ ಕೇಳಬಹುದಾಗಿತ್ತು. 2 ಲಕ್ಷ 73 ಸಾವಿರ ಜನರ ನಡುವೆ ಕೇಳಬೇಕಾದರೆ ಮೋಟಾರುಗಳ ಸಾಲು ಬೇಕು. ಈ ನಾಲ್ಕು ತಾಲ್ಲೂಕುಗಳ ಸ್ಥಾನಗಳಿಂದ ನಾಲ್ವರು ಮುಖ್ಯಮಂತ್ರಿಗಳು ವಿಧಾನಸಭೆಯಲ್ಲಿ ಕುಳಿತರು: 1952ರಲ್ಲಿ ರಾಮನಗರದಿಂದ ಹನುಮಂತಯ್ಯನವರು, 1983ರಲ್ಲಿ ಕನಕಪುರದ ಮರುಚುನಾವಣೆಯಿಂದ ರಾಮಕೃಷ್ಣ ಹೆಗಡೆಯವರು, 1994ರಲ್ಲಿ ರಾಮನಗರದಿಂದ ದೇವೇಗೌಡರು, ಮುಂದೆ ರಾಮನಗರ ಚನ್ನಪಟ್ಟಣಗಳಿಂದ ಕುಮಾರಸ್ವಾಮಿಯವರು. ಕ್ಷೇತ್ರಗಳ ಕೀರ್ತಿಯು ನಾಡಿನಲ್ಲೆಲ್ಲ ಹರಡಿತು. ಆದರೆ ದೊಡ್ಡ ಹೆಸರಿನವರ ಕಾಳಗದ ಕಳವಾಗುವುದು ಬೇರೆ, ಹೋಬಳಿಯ ಮಾತು ಸಭೆಯಲ್ಲಿ ಕೇಳಿಸುವುದು ಬೇರೆ. ಮೊದಲನೆಯದು ಈ ಸೀಮೆಗೆ ಧಾರಾಳವಾಗಿ ದೊರೆತಿದೆ. ಎರಡನೆಯದಕ್ಕಾಗಿಯೇ ನಮ್ಮ ವಾದ.

ಯಾರನ್ನು ಕೇಳಿದರು?

ಮೂರನೆಯ ಪ್ರಶ್ನೆಗೆ ಬರುವೆವು. ಕಾನೂನು ಏನನ್ನು ಹೇಳುತ್ತದೆಂಬುದನ್ನು ಮೊದಲು ನೋಡೋಣ. 2002ರ ಶಾಸನದಂತೆ ಕ್ಷೇತ್ರಗಳು ಆದಷ್ಟು ಒತ್ತಾಗಿ ಒಂದೇ ಕಡೆ ಇರತಕ್ಕದ್ದು; ಬೆಟ್ಟ ಹೊಳೆಗಳನ್ನೂ, ಆಡಳಿತದ ಎಲ್ಲೆಗಳನ್ನೂ, ದಾರಿಗಳ ಸೌಕರ್ಯವನ್ನೂ, ಜನರ ಅನುಕೂಲವನ್ನೂ ಗಮನಿಸತಕ್ಕದ್ದು. ಆಯೋಗವು ತನ್ನ ಕರಡನ್ನು ಪ್ರಕಟಿಸಿ, ಆಕ್ಷೇಪಗಳಿಗೆ ದಿನ ಗೊತ್ತುಮಾಡಿ, ಬಹಿರಂಗ ಸಭೆಗಳಲ್ಲಿ ಅವುಗಳನ್ನು ವಿಚಾರಿಸತಕ್ಕದ್ದು. ಪ್ರತಿ ರಾಜ್ಯದಿಂದ ಐದು ಮಂದಿ ಲೋಕಸಭಾ ಸದಸ್ಯರೂ ಐದು ಮಂದಿ ವಿಧಾನಸಭಾ ಸದಸ್ಯರೂ ಆಯೋಗದೊಡನೆ ಕೂರುವರು. ಆದರೆ ಅವರಿಗೆ ಮತವಿಲ್ಲ. ಅಂತಿಮ ಆಜ್ಞೆಗೆ ಶಾಸನದ ಬಲವಿದೆ. ಸಭೆಯು ಅದನ್ನು ತಿದ್ದುವಂತಿಲ್ಲ.

ನ್ಯಾಯಸ್ಥಾನದ ಬಾಗಿಲು ಹೇಗಿದೆ? ಸಂವಿಧಾನದ 329ನೆಯ ಅನುಚ್ಛೇದವು ಅದನ್ನು ಮುಚ್ಚುತ್ತದೆ. 1966ರಲ್ಲಿ ಮೇಘರಾಜ ಕೊಠಾರಿಯ ಮೊಕದ್ದಮೆಯಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ಅಗುಳಿಯನ್ನು ಭದ್ರಪಡಿಸಿತು. 2024ರ ಜುಲೈ ತಿಂಗಳಲ್ಲಿ, ಗುಜರಾತಿನ ಬಾರಡೋಲಿಯ ಮೀಸಲು ಕ್ಷೇತ್ರಕ್ಕೆ ಸಂಬಂಧಿಸಿದ ಮೊಕದ್ದಮೆಯಲ್ಲಿ, ಆಯೋಗದ ಆಜ್ಞೆಯು ಸ್ಪಷ್ಟವಾಗಿ ಸ್ವೇಚ್ಛೆಯಿಂದ ಕೂಡಿ ಸಂವಿಧಾನದ ಮೌಲ್ಯಗಳಿಗೆ ವಿರುದ್ಧವಾಗಿದ್ದರೆ ನ್ಯಾಯಾಲಯವು ಪರಿಶೀಲಿಸಬಹುದೆಂದು ಅದೇ ನ್ಯಾಯಾಲಯವು ಹೇಳಿತು. ಬಾಗಿಲು ಸ್ವಲ್ಪ ತೆರೆಯಿತು, ಸಂತೋಷ. ಆದರೆ ಅಷ್ಟು ಸಂದಿಯಲ್ಲಿ ಒಂದು ಹೋಬಳಿಯು ನುಸುಳುವುದು ಕಷ್ಟ. ಆದುದರಿಂದ ಜನರು ಮಾತಾಡಬೇಕಾದ ಕಾಲವು ಕರಡಿನ ಕಾಲವೇ. ಕರಡು ದಾಟಿದರೆ ಗಾಡಿ ಹೋಯಿತು.

ಈ ಬಿಗಿಯೇ ಬೇಡವೆಂದು ನಾವು ಹೇಳುವುದಿಲ್ಲ. ಅಮೆರಿಕದ ಮ್ಯಾಸಚೂಸೆಟ್ಸ್ ಪ್ರಾಂತದಲ್ಲಿ 1812ರಲ್ಲಿ ಗವರ್ನರ್ ಗೆರಿಯ ಪಕ್ಷದವರು ತಮಗೆ ಬೇಕಾದಂತೆ ಗೆರೆ ಎಳೆದು, ಉಡದಂತೆ ಬಳುಕಿದ ಕ್ಷೇತ್ರವೊಂದನ್ನು ಮಾಡಿದರು. ಆ ಪಿಡುಗು ಅಲ್ಲಿ ಇಂದಿಗೂ ತೀರಿಲ್ಲ. ಪಕ್ಷಗಳ ಕೈಗೆ ಕತ್ತರಿಯನ್ನು ಕೊಡದೆ ಆಯೋಗಕ್ಕೆ ಕೊಟ್ಟುದು ನಮ್ಮ ದೇಶದ ಪುಣ್ಯ. ಆದರೆ ಆಯೋಗವು ಕೇಳಲು ಸಿದ್ಧವಿದ್ದರೂ ಹಳ್ಳಿಯವನು ಹೇಳುವಂತಿರಬೇಕಷ್ಟೆ. ಗೆಜೆಟ್ಟಿನ ಮೂಲೆಯಲ್ಲಿ ಇಂಗ್ಲಿಷಿನಲ್ಲಿ ಅಚ್ಚಾದ ಗ್ರಾಮಗಳ ಪಟ್ಟಿಯನ್ನು ಕುದೂರಿನ ರೈತನು ಓದಿ, ದಿನದೊಳಗೆ ಆಕ್ಷೇಪವನ್ನು ಬರೆದು, ದೂರದ ಊರಿನ ಸಭೆಗೆ ಹೋಗಿ ನಿಲ್ಲುವನೆಂದು ನಿರೀಕ್ಷಿಸುವುದು ಹಾಸ್ಯ.

ಬೇರೆಯವರ ಅನುಕೂಲಕ್ಕಾಗಿ ಎಳೆದ ಗೆರೆಯು ಎಂಥದೆಂಬುದನ್ನು ಕನ್ನಡಿಗರಿಗಿಂತ ಚೆನ್ನಾಗಿ ಬಲ್ಲವರು ಯಾರು? ಧಾರವಾಡದವನು ಮುಂಬಯಿಗೆ, ಬಳ್ಳಾರಿಯವನು ಮದರಾಸಿಗೆ, ಕಲಬುರಗಿಯವನು ಹೈದರಾಬಾದಿಗೆ ಮೊರೆಯಿಡುತ್ತಿದ್ದ ದಿನಗಳು ನಮ್ಮ ಚರಿತ್ರೆಯಲ್ಲಿವೆ. ಕಾಸರಗೋಡು 1956ರಲ್ಲಿ ಕೇರಳಕ್ಕೆ ಸೇರಿತು. 1967ರಲ್ಲಿ ಮಹಾಜನ ಆಯೋಗವು ಚಂದ್ರಗಿರಿ ಹೊಳೆಯ ಉತ್ತರದ ಭಾಗವು ಮೈಸೂರಿಗೆ ಬರತಕ್ಕದ್ದೆಂದು ಹೇಳಿದರೂ ಅದು ಬರಲಿಲ್ಲ. ಒಮ್ಮೆ ಗೆರೆ ಒಣಗಿದರೆ ಅಳಿಸುವುದು ಎಷ್ಟು ಕಷ್ಟವೆಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಕೆ? ಪ್ರಾಂತದ ಗಡಿಯಲ್ಲಿ ಅನ್ಯಾಯವೆನಿಸುವುದು ಹೋಬಳಿಯ ಗಡಿಯಲ್ಲಿ ನ್ಯಾಯವಾಗಲಾರದು.

ಈಗ ಮಾಡತಕ್ಕದ್ದು

2027ರ ಮಾರ್ಚ್ 1ನ್ನು ಜನಗಣತಿಯ ನಿರ್ದಿಷ್ಟ ದಿನವನ್ನಾಗಿ ಭಾರತ ಸರ್ಕಾರವು 2025ರ ಜೂನ್ ತಿಂಗಳಲ್ಲಿ ಪ್ರಕಟಿಸಿತು. 2026ರ ಅನಂತರದ ಮೊದಲ ಜನಗಣತಿಯು ಅದೇ ಆಗುವುದು. 2023ರ 106ನೆಯ ತಿದ್ದುಪಡಿಯು ಸ್ತ್ರೀಯರಿಗೆ ಮೂರರಲ್ಲಿ ಒಂದು ಪಾಲು ಸ್ಥಾನಗಳನ್ನು ಮೀಸಲಿಟ್ಟು, ಅದನ್ನೂ ಪುನರ್ವಿಂಗಡಣೆಗೇ ಜೋಡಿಸಿತು. ಎಂದಮೇಲೆ ಮುಂದಿನ ವಿಂಗಡಣೆಯು ಹಿಂದಿನವುಗಳಿಗಿಂತ ದೊಡ್ಡದಾದ ಕಾರ್ಯ. ಅದಕ್ಕೆ ಮುಂಚೆಯೇ ನಾಲ್ಕು ಬೇಡಿಕೆಗಳನ್ನು ನಾಡಿನ ಮುಂದೆ ಇಡುವೆವು.

ಮೊದಲನೆಯದು, ವಿಧಾನಸಭೆಯ ಸ್ಥಾನಗಳನ್ನು ಲೋಕಸಭೆಯ ಜಗಳದಿಂದ ಬಿಡಿಸಿ ಹೆಚ್ಚಿಸತಕ್ಕದ್ದು. ಎರಡನೆಯದು, ಹೋಬಳಿಯನ್ನು ಒಡೆಯಕೂಡದು. ಹೋಬಳಿಯನ್ನು ಅದರ ತಾಲ್ಲೂಕಿನಿಂದ ಕೀಳಬೇಕಾದ ಅನಿವಾರ್ಯವು ಬಂದರೆ ಕಾರಣವನ್ನು ಬರವಣಿಗೆಯಲ್ಲಿ ಕೊಡತಕ್ಕದ್ದು. ಮೂರನೆಯದು, ಕರಡು ಪಟ್ಟಿಯನ್ನು ಕನ್ನಡದಲ್ಲಿ ಅಚ್ಚುಹಾಕಿಸಿ ಪ್ರತಿಯೊಂದು ನಾಡಕಚೇರಿಯ ಬಾಗಿಲಲ್ಲಿಯೂ ಅಂಟಿಸತಕ್ಕದ್ದು. ನಾಲ್ಕನೆಯದು, ಆಕ್ಷೇಪಗಳನ್ನು ಕೇಳುವ ಸಭೆಯು ತಾಲ್ಲೂಕಿನ ಊರಿನಲ್ಲಿಯೇ ನಡೆಯತಕ್ಕದ್ದು. ಇವುಗಳಲ್ಲಿ ಯಾವುದೂ ಅಸಾಧ್ಯವಲ್ಲ. ಯಾವುದೂ ಇನ್ನೊಬ್ಬರ ಹಕ್ಕನ್ನು ಕಸಿಯುವುದಿಲ್ಲ.

ಉಪಾಧ್ಯಾಯರಾದ ವಾಚಕರಿಗೆ ನಮ್ಮದು ವಿಶೇಷ ವಿಜ್ಞಾಪನೆ. ಜನಗಣತಿಯ ಪುಸ್ತಕವನ್ನು ಕಂಕುಳಲ್ಲಿಟ್ಟುಕೊಂಡು ಮನೆಮನೆಗೂ ಹೋಗುವವರು ಬಹುಮಟ್ಟಿಗೆ ತಾವೇ. ತಾವು ಬರೆಯುವ ಅಂಕಿಯೇ ನಾಳೆ ಕ್ಷೇತ್ರವಾಗುವುದು. ತಾವು ಬಿಟ್ಟ ಮನೆಯು ನಾಳೆ ಸ್ಥಾನದ ಕೊರತೆಯಾಗುವುದು. ಒಂದು ಗುಡಿಸಲನ್ನೂ ಬಿಡದಿರಿ. ಪಟ್ಟಣವಾಸಿಗಳಾದ ವಕೀಲರೂ ವರ್ತಕರೂ ತಮ್ಮ ತಮ್ಮ ಹೋಬಳಿಗಳ ಹಳ್ಳಿಗಳ ಪಟ್ಟಿ, ದಾರಿಗಳು, ಕಚೇರಿಗಳ ದೂರ ಇವುಗಳನ್ನು ಈಗಲೇ ಬರೆದು ಸಿದ್ಧಮಾಡಲಿ. ಆಯೋಗದ ಮುಂದೆ ಕಣ್ಣೀರಿಗಿಂತ ನಕ್ಷೆಗೆ ಬೆಲೆ ಹೆಚ್ಚು.

ಕುದೂರಿನ ಹೆಸರು ಮತ್ತೆ ಪಟ್ಟಿಯಲ್ಲಿ ಬರುವುದೋ ಇಲ್ಲವೋ, ಅದು ಎಣಿಕೆಯ ಮಾತು. ಆದರೆ ಕುದೂರಿನವರನ್ನು ಕೇಳದೆ ಮತ್ತೊಂದು ಗೆರೆಯನ್ನು ಎಳೆಯಕೂಡದು. ಕೇಳುವವರು ಬಂದಾಗ ಹೇಳುವವರು ಮನೆಯಲ್ಲಿ ಮಲಗಿರಲೂ ಕೂಡದು. ಜವಾಬ್ದಾರಿ ಸರ್ಕಾರವನ್ನು ಸೆರೆಮನೆಗೆ ಹೋಗಿ ಪಡೆದ ನಾಡು, ಅದನ್ನು ಉಳಿಸಿಕೊಳ್ಳಲು ಒಂದು ಅರ್ಜಿಯನ್ನಾದರೂ ಬರೆಯಲಿ.